ಕೆಎ-12 ಗಾಡಿಗೆ ಇನ್ಶೂರೆನ್ಸ್ ಜಾಸ್ತಿ ಅನ್ನೋ ಮೆಸೇಜ್ ಬಗ್ಗೆ ಸ್ಪಷ್ಟನೆ

ನಮ್ಮ ಕೊಡಗಿನ ವಾಟ್ಸಾಪ್ ಗುಂಪುಗಳಲ್ಲಿ ಒಂದು ಮೆಸೇಜ್ ಓಡಾಡುತ್ತಿದೆ. 2018ರ ಭೂಕುಸಿತದ ನಂತರ ಕೊಡಗನ್ನು 'ಅಪಾಯ ವಲಯ'ಕ್ಕೆ ಸೇರಿಸಿದ್ದಾರಂತೆ, ಕೆಎ-12 ಅಂದರೆ ಕೊಡಗಿನಲ್ಲಿ ನೋಂದಣಿಯಾದ ಕಾರುಗಳಿಗೆ ಪ್ರೀಮಿಯಂ ಜಾಸ್ತಿಯಂತೆ, ಬೆಂಗಳೂರಲ್ಲಿ ನೋಂದಣಿ ಮಾಡಿಸಿದರೆ ಉಳಿತಾಯವಂತೆ. ಇದು ತಪ್ಪು.

ಕಾರು ವಿಮೆಯಲ್ಲಿ ಇರುವುದು ಎರಡೇ ವಲಯ. ಬೆಂಗಳೂರು, ಚೆನ್ನೈ, ಮುಂಬೈ, ದೆಹಲಿ ಸೇರಿ ಎಂಟು ಮಹಾನಗರಗಳು 'ಎ'. ಉಳಿದ ದೇಶವೆಲ್ಲ 'ಬಿ'. ಮಡಿಕೇರಿ ಆರ್‌ಟಿಒ ಇರುವುದು 'ಬಿ'ಯಲ್ಲಿ. ವಾಹನ ಸಂಚಾರ ಜಾಸ್ತಿ ಇರುವ 'ಎ' ವಲಯಕ್ಕೇ ಮೂಲ ದರ ತುಸು ಹೆಚ್ಚು. ಅಂದರೆ ಮೆಸೇಜಿನ ಸಲಹೆ ಪೂರ್ತಿ ಉಲ್ಟಾ! ವಲಯ ಗೊತ್ತಾಗುವುದು ನೋಂದಣಿಯಾದ ಊರಿನಿಂದ. ನಿಮ್ಮ ಪಾಲಿಸಿಯ ಮೊದಲ ಪುಟದಲ್ಲಿ ನೋಂದಣಿ ಸ್ಥಳ ಬರೆದಿರುತ್ತೆ, ಒಮ್ಮೆ ನೋಡಿ.

ಈ ವಲಯದ ಲೆಕ್ಕವೂ ನಮ್ಮ ಕಾರಿನ ಹಾನಿಗೆ ಕಟ್ಟುವ ಭಾಗಕ್ಕೆ ಮಾತ್ರ. ಅದರಲ್ಲೂ ಕಂಪನಿಯಿಂದ ಕಂಪನಿಗೆ ದರ ಬೇರೆ ಇರುತ್ತೆ, ಹಾಗಾಗಿ ಎರಡು ಮೂರು ಕಡೆ ವಿಚಾರಿಸಿ. ಥರ್ಡ್ ಪಾರ್ಟಿ, ಅಂದರೆ ನಮ್ಮ ಕಾರಿನಿಂದ ಬೇರೆಯವರಿಗೆ ಆಗುವ ಹಾನಿಗೆ ಕಟ್ಟುವ ಭಾಗದ ದರ ನಿಗದಿ ಮಾಡುವುದು ಕೇಂದ್ರ ಸರ್ಕಾರ, ಎಂಜಿನ್ ಸಿಸಿ ಆಧಾರದ ಮೇಲೆ. 2022ರ ಜೂನ್ 1ರಂದು ಜಾರಿಯಾದ ಪಟ್ಟಿಯಲ್ಲಿ 1000ದಿಂದ 1500 ಸಿಸಿ ಕಾರಿಗೆ 3,416 ರೂಪಾಯಿ, ಜಿಎಸ್‌ಟಿ ಬೇರೆ. ಸೋಮವಾರಪೇಟೆಗೂ ಅಷ್ಟೇ, ದೆಹಲಿಗೂ ಅಷ್ಟೇ.

ನಮ್ಮ ಮಳೆಗಾಲಕ್ಕೆ ಯೋಚಿಸಬೇಕಾದ್ದು ಬೇರೆ ಇದೆ. ಬರೀ ಥರ್ಡ್ ಪಾರ್ಟಿ ಇದ್ದರೆ, ಗುಡ್ಡದ ಬರೆ ಕುಸಿದು ಕಾರಿನ ಮೇಲೆ ಬಿದ್ದರೂ ಬಿಡಿಗಾಸು ಸಿಗಲ್ಲ. ನಮ್ಮ ಕಾರಿನ ಹಾನಿಯೂ ಸೇರಿರುವ ಕಾಂಪ್ರಹೆನ್ಸಿವ್ ಪಾಲಿಸಿಯಲ್ಲಿ ಪ್ರವಾಹ, ಭೂಕುಸಿತ ಎರಡೂ ಸೇರಿವೆ. ನೀರು ನುಗ್ಗಿ ಎಂಜಿನ್ ಕೆಟ್ಟರೆ ಮಾತ್ರ ಸಾಮಾನ್ಯವಾಗಿ ಎಂಜಿನ್ ಪ್ರೊಟೆಕ್ಟ್ ಅನ್ನೋ ಹೆಚ್ಚುವರಿ ವಿಮೆ ಬೇರೆಯಾಗಿ ತಗೊಂಡಿರಬೇಕು.

ಆ ಮೆಸೇಜ್ ನಿಮಗೂ ಬಂದಿದ್ದರೆ ದಯವಿಟ್ಟು ಮುಂದೆ ಕಳಿಸಬೇಡಿ. ಈಗಾಗಲೇ ಕಳಿಸಿದ್ದರೆ ಅದೇ ಗುಂಪಿಗೆ ಇದನ್ನೂ ಹಾಕಿ.