ಗುರುತು ಸಿಕ್ತಾ?

ಮದುವೆ ಮನೆಯಲ್ಲಿ ನಾನು ಹೆದರುವುದು ಒಂದೇ ಪ್ರಶ್ನೆಗೆ: "ನನ್ನ ಗುರುತು ಸಿಕ್ತಾ?"

ಹೋದ ತಿಂಗಳು ತಿಪಟೂರಿನ ಒಂದು ಛತ್ರದಲ್ಲಿ ಮೊದಲ ಪಂಕ್ತಿಗೆ ಜಾಗ ಸಿಗದೆ ಊಟದ ಹಾಲಿನ ಬಾಗಿಲಲ್ಲಿ ನಿಂತಿದ್ದೆ. ಹಿರಿಯರೊಬ್ಬರು ಬಂದು ಎರಡೂ ಕೈ ಹಿಡಿದುಕೊಂಡು ಅದನ್ನೇ ಕೇಳಿದರು. ಸಿಕ್ಕಿರಲಿಲ್ಲ. ಸುಮ್ನೆ ಇಲ್ಲ ಅಂದಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು. "ಅಯ್ಯೋ, ನಿಮ್ಮನ್ನ ಮರೆಯೋಕಾಗುತ್ತಾ!" ಅಂದುಬಿಟ್ಟೆ.

ಇನ್ನು ಶುರು ಪತ್ತೇದಾರಿ ಕೆಲಸ.

"ಈಗ ಎಲ್ಲಿದ್ದೀರಿ?"

"ಅಲ್ಲೇ."

ಎಲ್ಲಿ ಅಂತ ಬಾಯಿ ಬಿಡಲಿಲ್ಲ ಪುಣ್ಯಾತ್ಮ. "ಮನೆ ಕಡೆ ಹೇಗೆ?" ಅಂದೆ. ಹೆಂಡತಿಯದೋ ಮಕ್ಕಳದೋ ಒಂದು ಹೆಸರು ಉದುರೀತು ಅಂತ ಆಸೆ.

"ಮಳೆಗಾಲದಲ್ಲಿ ಸೋರುತ್ತೆ. ಹಂಚು ಬದಲಾಯಿಸಬೇಕು."

ತಿಪಟೂರಲ್ಲಿ ನಿಂತು ಕೊಬ್ಬರಿ ಮಾತು ಎತ್ತದಿದ್ದರೆ ಹೇಗೆ? "ಈ ಸಲ ಕೊಬ್ಬರಿ ರೇಟು ಪರವಾಗಿಲ್ವಾ?"

"ತೋಟ ಮಾರಿದ್ದು ನಿಮಗೆ ಗೊತ್ತೇ ಇದೆಯಲ್ಲ!"

ಗೊತ್ತೇ ಇದೆ ಅಂತ ತಲೆ ಆಡಿಸಿದೆ.

ತಲೆಯೊಳಗೆ ನಮ್ಮ ಕಡೆಯ ನೆಂಟರನ್ನೆಲ್ಲ ಸಾಲಾಗಿ ನಿಲ್ಲಿಸಿ ನೋಡಿದೆ. ಅಪ್ಪನ ಸೋದರತ್ತೆ ಮಗನಾ? ಅವರ ತಿಥಿಗೆ ನಾನೇ ಹೋಗಿ ವಡೆ ತಿಂದು ಬಂದಿದ್ದೇನೆ. ಅಮ್ಮನ ಚಿಕ್ಕಪ್ಪನಾ? ಅವರಿಗೆ ಇಷ್ಟು ಹಲ್ಲಿಲ್ಲ.

ಅಷ್ಟರಲ್ಲಿ ಹೆಂಡತಿ ಬಂದಳು. ನಮ್ಮಿಬ್ಬರಲ್ಲಿ ಒಂದು ಒಪ್ಪಂದ ಇದೆ. ನಾನು ಹುಬ್ಬು ಏರಿಸಿದರೆ ಅವಳು ತನ್ನ ಪರಿಚಯ ತಾನೇ ಹೇಳಿಕೊಳ್ಳಬೇಕು. ಆಗ ಎದುರಿನವರೂ ಹೆಸರು ಹೇಳಲೇಬೇಕಲ್ವಾ? ಹುಬ್ಬು ಏರಿಸಿದೆ. ಅವಳು ನನ್ನ ಕಡೆ ನೋಡಲೇ ಇಲ್ಲ. ಅವರ ಕಾಲು ಮುಟ್ಟಿ ನಮಸ್ಕಾರ ಮಾಡಿ, "ಯಾವಾಗ ಬಂದ್ರಿ ಮಾವ?" ಅಂದಳು.

ಅವಳ ಸೋದರಮಾವ! ಅವಳ ಅಪ್ಪ ಇಲ್ಲದ್ದರಿಂದ ನಮ್ಮ ಮದುವೆಯಲ್ಲಿ ನನ್ನ ಕಾಲು ತೊಳೆದು ಧಾರೆ ಎರೆದು ಕೊಟ್ಟವರು ಇವರೇ. "ನಿಮಗೆ" ಅಂದಾಗಲೇ ನನಗೆ ಹೊಳೆಯಬೇಕಿತ್ತು. ನಮ್ಮ ಕಡೆಯ ಹಿರಿಯರು ಇವತ್ತಿನವರೆಗೆ ಒಬ್ಬರೂ ನನಗೆ ಬಹುವಚನ ಹಚ್ಚಿಲ್ಲ.

ವಾಪಸ್ ಬರುವಾಗ ಕಾರಿನಲ್ಲಿ ವಿಚಾರಣೆ ನಡೆಯಿತು. ತಾಂಬೂಲದ ಚೀಲ ತೊಡೆ ಮೇಲಿಟ್ಟುಕೊಂಡು ನನ್ನ ವಾದ ಮಂಡಿಸಿದೆ. 15 ವರ್ಷದ ಹಿಂದೆ ಅವರು ಬಗ್ಗಿ ಕಾಲು ತೊಳೆಯುವಾಗ ನನಗೆ ಕಂಡಿದ್ದು ಬೋಳು ನೆತ್ತಿ ಮಾತ್ರ. ಇವತ್ತೂ ಒಂದು ಸಲ ಬಗ್ಗಿದ್ದರೆ ಥಟ್ಟನೆ ಗುರುತು ಹಿಡಿಯುತ್ತಿದ್ದೆ.