ಕುಶಾಲತೋಪಿನ ಆಚೆಗಿನ ಸೇಂಟ್ ಯುಸ್ಟೇಷಿಯಸ್

ಕೆರಿಬಿಯನ್ನಿನ ಸೇಂಟ್ ಯುಸ್ಟೇಷಿಯಸ್ ದ್ವೀಪದ ಹೆಸರು ಬಂದಲ್ಲೆಲ್ಲ 1776ರ ನವೆಂಬರ್ 16ರ ಕುಶಾಲತೋಪಿನ ಕಥೆ ಬಂದೇ ಬರುತ್ತದೆ. ಬ್ರಿಟನ್ ವಿರುದ್ಧ ಬಂಡೆದ್ದಿದ್ದ ಅಮೆರಿಕದ ‘ಆಂಡ್ರ್ಯೂ ಡೋರಿಯಾ’ ಹಡಗಿಗೆ ಡಚ್ ಗವರ್ನರ್ ಯೊಹಾನ್ನೆಸ್ ಡೆ ಗ್ರಾಫ್ ಆರೆಂಜ್ ಕೋಟೆಯಿಂದ 11 ತೋಪು ಹಾರಿಸಿ ಮರುವಂದನೆ ಸಲ್ಲಿಸಿದ್ದು ಸಣ್ಣ ಸಂಗತಿಯಲ್ಲ. ಆದರೆ ದ್ವೀಪದ ಚರಿತ್ರೆಯನ್ನು ಅಷ್ಟಕ್ಕೇ ನಿಲ್ಲಿಸಿಬಿಡುವುದು ಅನ್ಯಾಯವೆಂದು ನಾನು ನಂಬಿದ್ದೇನೆ.

ಕೇವಲ 21 ಚದರ ಕಿಲೋಮೀಟರಿನ ಈ ನೆಲ ಬದುಕಿದ್ದು ಬೆಳೆಯಿಂದಲ್ಲ, ಸುಂಕವಿಲ್ಲದ ಬಂದರಿನಿಂದ. ಕಡಿದಾದ ದಿಬ್ಬದ ಬುಡದಲ್ಲಿ, ಕಡಲಿಗೆ ಮುಖಮಾಡಿ ಉದ್ದಕ್ಕೂ ಗೋದಾಮುಗಳಿದ್ದವು. ಯುದ್ಧದ ವರ್ಷಗಳಲ್ಲಿ ಅಮೆರಿಕದ ತಂಬಾಕು ಅಲ್ಲಿಗೆ ಬಂದರೆ, ಕೋವಿಮದ್ದು ಚಹಾಪೆಟ್ಟಿಗೆ, ಅಕ್ಕಿಪೀಪಾಯಿಗಳಲ್ಲಿ ಅಡಗಿ ಅಮೆರಿಕಕ್ಕೆ ಹೋಗುತ್ತಿತ್ತು. ಒಂದೇ ವರ್ಷದಲ್ಲಿ ಮೂರು ಸಾವಿರಕ್ಕೂ ಹೆಚ್ಚು ಹಡಗುಗಳು ಬಂದುಹೋದದ್ದುಂಟು. ಇದೇ ದಂಡೆಯಲ್ಲಿ ಗುಲಾಮರ ಮಾರಾಟವೂ ನಡೆದಿತ್ತಾದ್ದರಿಂದ, ಇದನ್ನು ಬರೀ ಸ್ವಾತಂತ್ರ್ಯದ ಬಂದರೆಂದು ಹೊಗಳಲು ನನಗೆ ಮನಸ್ಸು ಬರುವುದಿಲ್ಲ.

1781ರ ಫೆಬ್ರವರಿ 3ರಂದು ಬ್ರಿಟಿಷ್ ಅಡ್ಮಿರಲ್ ಜಾರ್ಜ್ ರಾಡ್ನಿ ದ್ವೀಪವನ್ನು ವಶಪಡಿಸಿಕೊಂಡ. ಕೋಟೆಯ ಮೇಲೆ ಡಚ್ ಬಾವುಟವನ್ನು ಹಾಗೆಯೇ ಹಾರಾಡಲು ಬಿಟ್ಟು, ಏನೂ ಅರಿಯದೆ ಬಂದ ಹಡಗುಗಳನ್ನು ಸುಮಾರು ಒಂದು ತಿಂಗಳ ಕಾಲ ಒಂದೊಂದಾಗಿ ಹಿಡಿದ. ಅವನು ಮುಟ್ಟುಗೋಲು ಹಾಕಿಕೊಂಡ ಸರಕಿನಲ್ಲಿ ಬ್ರಿಟಿಷ್ ವ್ಯಾಪಾರಿಗಳದ್ದೂ ಇತ್ತು. ಅವರು ಆಮೇಲೆ ಅವನ ಮೇಲೆ ದಾವೆ ಹೂಡಿದರು. ಶತ್ರುವಿಗೆ ನೆರವಾದವರನ್ನು ದಂಡಿಸಿದೆನೆಂಬ ಅವನ ವಾದ ನನಗೆ ಒಪ್ಪಿಗೆಯಾಗದಿರುವುದಕ್ಕೆ ಮುಖ್ಯ ಕಾರಣ ಯಹೂದಿಗಳಿಗೆ ಅವನು ಕೊಟ್ಟ ಹಿಂಸೆ. ಆ ಸಮುದಾಯದ 101 ಗಂಡಸರನ್ನು ಒಂದೆಡೆ ಸೇರಿಸಿ, ಬಟ್ಟೆ ಬಿಚ್ಚಿಸಿ, ಹೊಲಿಗೆಯೊಳಗೆ ನಾಣ್ಯಗಳಿರಬಹುದೆಂದು ಅಂಗಿಗಳ ಒಳಪದರವನ್ನೇ ಹರಿದು ಹುಡುಕಲಾಯಿತು. ಅವರಲ್ಲಿ 30 ಮಂದಿಯನ್ನು ಹೆಂಡತಿ ಮಕ್ಕಳಿಗೆ ಸುಳಿವನ್ನೂ ಕೊಡದೆ ಸೇಂಟ್ ಕಿಟ್ಸ್ ದ್ವೀಪಕ್ಕೆ ಸಾಗಿಸಿದರು. ಉಳಿದವರನ್ನು ಸರಕು ತೂಗುವ ಕಟ್ಟಡದಲ್ಲಿ ಕೂಡಿಹಾಕಿದರು.

ಅದೇ ಮೇ ತಿಂಗಳಲ್ಲಿ ಬ್ರಿಟಿಷ್ ಪಾರ್ಲಿಮೆಂಟಿನಲ್ಲಿ ಎಡ್ಮಂಡ್ ಬರ್ಕ್ ಈ ಕೃತ್ಯವನ್ನು ಖಂಡಿಸುತ್ತ, ತಮ್ಮ ಪರ ನಿಲ್ಲಲು ಸ್ವಂತ ದೇಶವೆಂಬುದೇ ಇಲ್ಲದ ಈ ಜನ ಇತರ ರಾಷ್ಟ್ರಗಳ ಕರುಣೆಯನ್ನೇ ನೆಚ್ಚಬೇಕಾಗಿದೆ ಎಂದು ವಾದಿಸಿದ. ಲೂಟಿಯ ಬಹುಪಾಲು ಹೊತ್ತು ಇಂಗ್ಲೆಂಡಿಗೆ ಹೊರಟಿದ್ದ ಹಡಗುಗಳನ್ನು ಅಷ್ಟರಲ್ಲಿ ಫ್ರೆಂಚರು ದಾರಿಯಲ್ಲೇ ಹಿಡಿದಿದ್ದರು. ನವೆಂಬರಿನಲ್ಲಿ ದ್ವೀಪವೂ ಫ್ರೆಂಚರ ಕೈಸೇರಿತು.

ಕುಶಾಲತೋಪಿನ ನೆನಪಿಗೆ ಕೋಟೆಯಲ್ಲಿ ಅಮೆರಿಕದ ಅಧ್ಯಕ್ಷ ರೂಸ್‌ವೆಲ್ಟ್ 1939ರಲ್ಲಿ ಕೊಟ್ಟ ಫಲಕವಿದೆ. ಯಹೂದಿಗಳು 1739ರಲ್ಲಿ ಕಟ್ಟಿಸಿದ ‘ಹೊನೆನ್ ದಾಲಿಮ್’ ಪ್ರಾರ್ಥನಾ ಮಂದಿರದ ಹಳದಿ ಇಟ್ಟಿಗೆಯ ಗೋಡೆಗಳು ಮಾತ್ರ ಇಂದು ಛಾವಣಿಯಿಲ್ಲದೆ ನಿಂತಿವೆ. ಬಡವರಿಗೆ ದಯೆ ತೋರುವವನು ಎಂಬುದು ಆ ಹೆಸರಿನ ಅರ್ಥ.