ಚೆಂಡು ಎಲ್ಲಿ ಬಿತ್ತು ಅಂತ ಯಾಕೆ ತೋರಿಸಲ್ಲ?

ಬೆಳಗ್ಗೆಯಿಂದ ಒಂದೇ ರೀಲ್ ಮೂರು ನಾಲ್ಕು ಗ್ರೂಪ್‌ಗಳಲ್ಲಿ ಬಂತು. ಅಮೆರಿಕದ ಗಾಲ್ಫ್ ಆಟಗಾರ ಜಿಮ್ ಫ್ಯೂರಿಕ್ ಡ್ರೈವರ್ (ದೂರ ಹೊಡೆಯುವ ಉದ್ದನೆಯ ಕ್ಲಬ್, ಅಂದರೆ ಗಾಲ್ಫ್ ಕೋಲು) ಎತ್ತುತ್ತಾರೆ. ಸ್ಲೋ ಮೋಷನ್‌ನಲ್ಲಿ ಕ್ಲಬ್ ನೆಟ್ಟಗೆ ಆಕಾಶಕ್ಕೆ ಏರುತ್ತದೆ, ಮೇಲೆ ಒಂದು ಸುತ್ತು ಹಾಕಿ ಬೆನ್ನ ಹಿಂದಕ್ಕೆ ಇಳಿಯುತ್ತದೆ. ಅಷ್ಟರಲ್ಲಿ ನಗುವಿನ ಸದ್ದು, ವಿಡಿಯೊ ಮುಗಿಯಿತು. ಕೆಳಗೆ ಸಾಲುಸಾಲು ನಗುವ ಮುಖಗಳು. ಕ್ಲಬ್ ಚೆಂಡಿಗೆ ತಾಗುವ ಮೊದಲೇ ಕತ್ತರಿಸಿದ್ದಾರೆ! ಚೆಂಡು ಎಲ್ಲಿ ಹೋಯಿತು ಅನ್ನುವುದು ನೋಡಿದವರಲ್ಲಿ ಒಬ್ಬರಿಗೂ ಬೇಕಿಲ್ಲ.

ಗಾಲ್ಫ್ ಅಂದರೆ ಚೆಂಡು ಎಲ್ಲಿ ಹೋಯಿತು ಅನ್ನುವುದಷ್ಟೇ ಅಲ್ಲವೇ? ಸ್ಕೋರ್ ಕಾರ್ಡಿನಲ್ಲಿ ಸ್ವಿಂಗ್ ಎಷ್ಟು ಚೆಂದ ಇತ್ತು ಅಂತ ಬರೆಯಲು ಜಾಗವೇ ಇಲ್ಲ. ಕ್ಲಬ್ಬಿನ ಮುಖ ಮತ್ತು ಚೆಂಡು ಒಂದಕ್ಕೊಂದು ತಾಗಿರುವ ಹೊತ್ತು ಸೆಕೆಂಡಿನ ಎರಡು ಸಾವಿರದಲ್ಲಿ ಒಂದು ಪಾಲಿನಷ್ಟು. ಆ ಕ್ಷಣದಲ್ಲಿ ಕ್ಲಬ್ಬಿನ ಮುಖ ಎತ್ತ ನೋಡುತ್ತಿತ್ತು, ಕ್ಲಬ್ ಯಾವ ದಾರಿಯಲ್ಲಿ ಎಷ್ಟು ವೇಗದಲ್ಲಿ ಬಂತು, ಮುಖದ ನಡುವಿಗೆ ತಾಗಿತೋ ಅಂಚಿಗೋ: ಚೆಂಡಿಗೆ ಗೊತ್ತಾಗುವುದು ಇಷ್ಟೇ. ಮೇಲೆ ಕ್ಲಬ್ ಸುತ್ತು ಹಾಕಿತೋ ಇಲ್ಲವೋ ಅದಕ್ಕೆ ಗೊತ್ತಿಲ್ಲ.

ಆ ಸುತ್ತು ಯಾಕೆ ಬರುತ್ತದೆ ಅಂತ ನಗುವವರು ಒಮ್ಮೆ ನೋಡಬೇಕು. ಫ್ಯೂರಿಕ್ ಚೆಂಡಿಗೆ ತೀರಾ ಹತ್ತಿರ ನಿಲ್ಲುತ್ತಾರೆ. ಕೈಗಳು ತೊಡೆಯ ಬಳಿಯೇ, ಕೆಳಗೆ. ಅಷ್ಟು ಇಕ್ಕಟ್ಟಿನಲ್ಲಿ ಕ್ಲಬ್ಬನ್ನು ಮೈ ಸುತ್ತ ಒಯ್ಯಲು ಜಾಗವಿಲ್ಲ, ಅದಕ್ಕೇ ಅದು ನೆಟ್ಟಗೆ ಮೇಲೇರುತ್ತದೆ. ಅಲ್ಲಿಂದ ಹಾಗೇ ಇಳಿಸಿದರೆ ಕ್ಲಬ್ ಹೊರಗಿನಿಂದ ಒಳಕ್ಕೆ ಚೆಂಡನ್ನು ಕಡಿಯುತ್ತದೆ, ಚೆಂಡು ಎಡಕ್ಕೆ ನೇರ ಹೋಗುತ್ತದೆ, ಇಲ್ಲವೇ ಬಲಕ್ಕೆ ಬಾಗಿ ಸ್ಲೈಸ್ ಆಗುತ್ತದೆ. ವಾರಾಂತ್ಯಕ್ಕೆ ಆಡುವ ಮುಕ್ಕಾಲು ಮಂದಿಯ ಕಷ್ಟ ಇದೇ. ಫ್ಯೂರಿಕ್ ಹಾಗೆ ಇಳಿಸುವುದಿಲ್ಲ. ಮೇಲಿನಿಂದ ತಿರುಗುವಾಗ ಕ್ಲಬ್ಬನ್ನು ಹಿಂದಕ್ಕೆ ಮಲಗಿಸಿ, ಬಲಮೊಣಕೈಯನ್ನು ಸೊಂಟದ ಪಕ್ಕಕ್ಕೆ ತರುತ್ತಾರೆ. ಅದೇ ಹೊತ್ತಿಗೆ ಸೊಂಟವನ್ನು ಗುರಿಯ ಕಡೆಗೆ ಪೂರ್ತಿ ತೆರೆದು ಕೈಗಳಿಗೆ ದಾರಿ ಮಾಡಿಕೊಡುತ್ತಾರೆ. ಚೆಂಡಿಗೆ ತಾಗುವ ಫ್ರೇಮಿನಲ್ಲಿ ವಿಡಿಯೊ ನಿಲ್ಲಿಸಿ ನೋಡಿ. ಎಡ ಮಣಿಕಟ್ಟು ಚಪ್ಪಟೆ, ಕ್ಲಬ್ಬಿನ ಹಿಡಿ ಚೆಂಡಿಗಿಂತ ಮುಂದೆ, ಮುಖ ನೇರ. ಕೋಚ್‌ಗಳು ಗೋಡೆಗೆ ಅಂಟಿಸಿಕೊಳ್ಳಬೇಕಾದ ಭಂಗಿ. ಆ ಫ್ರೇಮನ್ನೇ ಈ ರೀಲ್ ಮಾಡಿದವರು ಕತ್ತರಿಸಿ ಎಸೆದಿದ್ದಾರೆ.

ಗ್ರಿಪ್ ಬಗ್ಗೆ ಯಾರೂ ಮಾತೇ ಆಡುವುದಿಲ್ಲ. ಸಾಮಾನ್ಯ ಹಿಡಿತದಲ್ಲಿ ಬಲಗೈಯ ಕಿರುಬೆರಳು ಎಡಗೈ ಮೇಲೆ ಕೂರುತ್ತದೆ. ಫ್ಯೂರಿಕ್‌ರದು ಡಬಲ್ ಓವರ್‌ಲ್ಯಾಪ್, ಕಿರುಬೆರಳಿನ ಜೊತೆ ಉಂಗುರದ ಬೆರಳೂ ಎಡಗೈ ಮೇಲೆ. ಅಂದರೆ ಬಲಗೈಯಿಂದ ಕ್ಲಬ್ಬಿಗೆ ಸಿಗುವುದು ಎರಡು ಬೆರಳು ಮತ್ತು ಹೆಬ್ಬೆರಳು ಮಾತ್ರ. ಬಲಗೈ ಅವಸರ ಮಾಡಿ ಮುಖವನ್ನು ಮುಚ್ಚುವ ಅಪಾಯ ಇದರಿಂದ ಕಡಿಮೆಯಾಗುತ್ತದೆ. ಇಡೀ ಏರ್ಪಾಟು ಒಂದಕ್ಕೊಂದು ಹೊಂದಿಕೊಂಡಿದೆ. ಹತ್ತಿರ ನಿಲ್ಲುವುದು, ನೆಟ್ಟಗೆ ಎತ್ತುವುದು, ಮಲಗಿಸುವುದು, ಸೊಂಟ ತೆರೆಯುವುದು, ಈ ಹಿಡಿತ. ಒಂದನ್ನು ಮಾತ್ರ "ಸರಿ" ಮಾಡಲು ಹೋದರೆ ಉಳಿದದ್ದೆಲ್ಲ ಕೆಡುತ್ತದೆ.

ಹಾಗೆ ಕೆಡಿಸದೆ ಬಿಟ್ಟವರು ಅಪ್ಪ ಮೈಕ್ ಫ್ಯೂರಿಕ್. ಪೆನ್ಸಿಲ್ವೇನಿಯಾದ ಗಾಲ್ಫ್ ಕ್ಲಬ್‌ಗಳಲ್ಲಿ ಪ್ರೊ (ವೃತ್ತಿಪರ ತರಬೇತುದಾರ) ಆಗಿದ್ದವರು, ಮಗನಿಗೆ ಇದ್ದ ಒಬ್ಬರೇ ಕೋಚ್. ಪಟ್ಟಿಂಗ್‌ನಲ್ಲಿ, ಅಂದರೆ ಚೆಂಡನ್ನು ಗುಳಿಗೆ ಮೆಲ್ಲಗೆ ಉರುಳಿಸುವ ಹೊಡೆತದಲ್ಲಿ, ಎಡಗೈ ಕೆಳಗಿಟ್ಟು ಕ್ರಾಸ್‌ಹ್ಯಾಂಡ್ ಹಿಡಿಯುವುದನ್ನು ಮಗನಿಗೆ ಎಳವೆಯಲ್ಲೇ ಕಲಿಸಿದರು. ಗಾಲ್ಫ್ ದಿಗ್ಗಜರಾದ ಅರ್ನಾಲ್ಡ್ ಪಾಮರ್, ಗ್ಯಾರಿ ಪ್ಲೇಯರ್ ಇಬ್ಬರನ್ನೂ ಕೇಳಿದಾಗ, ಮತ್ತೆ ಮೊದಲಿನಿಂದ ಕಲಿಯುವುದಾದರೆ ಹೀಗೇ ಹಿಡಿಯುತ್ತಿದ್ದೆವು ಅಂದಿದ್ದರಂತೆ. ಹಾಗೆ ಹಿಡಿದರೆ ಹೆಗಲು ಸಮವಾಗುತ್ತದೆ, ಎಡ ಮಣಿಕಟ್ಟು ನಡುವೆ ಮುರಿಯುವುದಿಲ್ಲ. ಆಗ ಅದೂ ವಿಚಿತ್ರ ಅನ್ನಿಸಿಕೊಂಡಿತ್ತು. ಇವತ್ತು ಜೋರ್ಡನ್ ಸ್ಪೀತ್ ಹಾಗೆ ಹಿಡಿಯುತ್ತಾರೆ, ಜ್ಯಾಂಡರ್ ಶಾಫ್ಲಿ ಹಿಡಿಯುತ್ತಾರೆ, ಯಾರಿಗೂ ನಗು ಬರುವುದಿಲ್ಲ.

ಈಗ ಚೆಂಡು ಎಲ್ಲಿ ಬಿತ್ತು ಅಂತ ಹೇಳುತ್ತೇನೆ.

2003ರ ಯುಎಸ್ ಓಪನ್ (ಗಾಲ್ಫ್‌ನ ನಾಲ್ಕು ದೊಡ್ಡ ಟೂರ್ನಿಗಳಲ್ಲಿ, ಅಂದರೆ ಮೇಜರ್‌ಗಳಲ್ಲಿ, ಒಂದು), ಒಲಿಂಪಿಯಾ ಫೀಲ್ಡ್ಸ್ ಮೈದಾನ. ನಾಲ್ಕು ದಿನಕ್ಕೆ ಒಟ್ಟು 272 ಹೊಡೆತ (ಕಡಿಮೆ ಹೊಡೆದವರೇ ಗೆಲ್ಲುವುದು), ಆ ಚಾಂಪಿಯನ್‌ಷಿಪ್‌ನ ಅಂದಿನ ದಾಖಲೆಗೆ ಸಮ. ಮೂರು ಹೊಡೆತಗಳ ಅಂತರದ ಗೆಲುವು. ಆ ಭಾನುವಾರ ಅಮೆರಿಕದಲ್ಲಿ ಅಪ್ಪಂದಿರ ದಿನ, ಮೈಕ್ ಅಲ್ಲೇ ಇದ್ದರು.

2010ರ ಟೂರ್ ಚಾಂಪಿಯನ್‌ಷಿಪ್, ಅಟ್ಲಾಂಟಾದ ಈಸ್ಟ್ ಲೇಕ್. ಸುರಿಯುವ ಮಳೆ, ಟೋಪಿ ಹಿಂದುಮುಂದಾಗಿ ಹಾಕಿಕೊಂಡಿದ್ದರು. ಕೈಯಲ್ಲಿದ್ದದ್ದು 39 ಡಾಲರ್‌ಗೆ ಕೊಂಡ ಸೆಕೆಂಡ್‌ಹ್ಯಾಂಡ್ ಪಟರ್. 16, 17ನೇ ಹೋಲ್‌ಗಳಲ್ಲಿ ಸಾಲಾಗಿ ಬೋಗಿ (ಪಾರ್‌ಗಿಂತ, ಅಂದರೆ ಆ ಹೋಲ್‌ಗೆ ನಿಗದಿಯಾದ ಹೊಡೆತಗಳಿಗಿಂತ, ಒಂದು ಹೆಚ್ಚು) ಬಿದ್ದು ಮುನ್ನಡೆ ಒಂದೇ ಹೊಡೆತಕ್ಕೆ ಇಳಿದಿತ್ತು. 18ರಲ್ಲಿ ಚೆಂಡು ಗ್ರೀನ್ (ಗುಳಿಯ ಸುತ್ತಲಿನ ನುಣ್ಣನೆಯ ಹುಲ್ಲು) ಪಕ್ಕದ ಬಂಕರ್‌ಗೆ, ಅಂದರೆ ಮರಳುಗುಂಡಿಗೆ ಹೋಯಿತು. ಒದ್ದೆ ಮರಳು ಗಟ್ಟಿ. ಕ್ಲಬ್ಬಿನ ತಳ ಅದಕ್ಕೆ ಬಡಿದು ಪುಟಿದರೆ ಚೆಂಡು ಗ್ರೀನ್ ದಾಟಿ ಓಡುತ್ತದೆ, ಆಳಕ್ಕೆ ಇಳಿದರೆ ಅಲ್ಲೇ ಉಳಿಯುತ್ತದೆ. ಫ್ಯೂರಿಕ್ ಅದನ್ನು ಗುಳಿಯಿಂದ ಮೂರಡಿಯೊಳಗೆ ತಂದಿಟ್ಟು ಪಾರ್ ಉಳಿಸಿಕೊಂಡರು. ಲ್ಯೂಕ್ ಡೊನಾಲ್ಡ್‌ಗಿಂತ ಒಂದು ಹೊಡೆತ ಮುಂದೆ. ಜೊತೆಗೆ ಇಡೀ ವರ್ಷದ ಪಾಯಿಂಟ್‌ಗಳಿಗೆ ಸಿಗುವ ಫೆಡ್ಎಕ್ಸ್ ಕಪ್, 1 ಕೋಟಿ ಡಾಲರ್ ಬೋನಸ್, ಆ ವರ್ಷದ ಶ್ರೇಷ್ಠ ಆಟಗಾರ ಗೌರವ.

ಅದಾದ ಮೇಲೆ 2013ರ ಬಿಎಂಡಬ್ಲ್ಯು ಚಾಂಪಿಯನ್‌ಷಿಪ್‌ನಲ್ಲಿ ಒಂದು ದಿನದ 18 ಹೋಲ್‌ಗೆ 59 ಹೊಡೆತ. ಒಂದು ಬೋಗಿ ಸೇರಿಯೂ 59! ಅಷ್ಟಕ್ಕೇ ನಿಲ್ಲಲಿಲ್ಲ. 2016ರ ಆಗಸ್ಟ್ 7, ಕನೆಕ್ಟಿಕಟ್‌ನ ಕ್ರಾಮ್‌ವೆಲ್, ಟ್ರಾವೆಲರ್ಸ್ ಚಾಂಪಿಯನ್‌ಷಿಪ್‌ನ ಕೊನೆಯ ದಿನ. ವಯಸ್ಸು 46, ಅದೇ ವರ್ಷ ಮಣಿಕಟ್ಟಿಗೆ ಶಸ್ತ್ರಚಿಕಿತ್ಸೆ ಆಗಿತ್ತು. ಎರಡನೇ ಹೋಲ್ ಬರ್ಡಿ, ಅಂದರೆ ಪಾರ್‌ಗಿಂತ ಒಂದು ಕಡಿಮೆ. ಮೂರನೆಯದರಲ್ಲಿ 135 ಗಜ ದೂರದಿಂದ ಹೊಡೆದ ಚೆಂಡು ನೇರ ಗುಳಿಗೆ, ಪಾರ್‌ಗಿಂತ ಎರಡು ಕಡಿಮೆ, ಈಗಲ್. ನಾಲ್ಕನೆಯದು ಬರ್ಡಿ. ಆರರಿಂದ ಹನ್ನೆರಡರವರೆಗೆ ಬಿಡುವಿಲ್ಲದೆ ಏಳು ಬರ್ಡಿ. ಮೊದಲ ಒಂಬತ್ತು ಹೋಲ್‌ಗಳಿಗೆ 27 ಹೊಡೆತ. 16ರಲ್ಲಿ ಇನ್ನೊಂದು ಬರ್ಡಿ. ಉಳಿದವೆಲ್ಲ ಪಾರ್. ಒಟ್ಟು 58. ಅಮೆರಿಕದ ವೃತ್ತಿಪರ ಟೂರ್ನಿಗಳ ಸರಣಿಯಾದ ಪಿಜಿಎ ಟೂರ್‌ನಲ್ಲಿ ಅದಕ್ಕೆ ಮೊದಲು ಯಾರೂ 58 ಹೊಡೆದಿರಲಿಲ್ಲ. ನಿಕ್ಲಾಸ್ ಹೊಡೆದಿರಲಿಲ್ಲ, ಟೈಗರ್ ಹೊಡೆದಿರಲಿಲ್ಲ. ಕಣ್ಣಿಗೆ ಹಬ್ಬದಂತೆ ಸ್ವಿಂಗ್ ಮಾಡುವವರು ಎಷ್ಟೋ ಮಂದಿ ಆ ಟೂರ್‌ನಲ್ಲಿ ಬಂದು ಹೋಗಿದ್ದರು. 58 ಬಂದದ್ದು ನೀವು ನಗುತ್ತಿರುವ ಈ ಸ್ವಿಂಗ್‌ನಿಂದ.

ಒಂದು ಮಾತು ಬಂದೇ ಬರುತ್ತದೆ, ಗೊತ್ತು. "ಮೇಜರ್ ಗೆದ್ದದ್ದು ಒಂದೇ ಅಲ್ವಾ, ಒತ್ತಡ ಬಂದಾಗ ಇಂಥ ಸ್ವಿಂಗ್ ಕೈಕೊಡುತ್ತೆ." ಕೈತಪ್ಪಿದ ಮೂರು ಯುಎಸ್ ಓಪನ್‌ಗಳನ್ನು ಒಂದೊಂದಾಗಿ ನೋಡಿ. 2006, ವಿಂಗ್ಡ್ ಫೂಟ್: ಕೊನೆಯ ಹೋಲ್‌ನಲ್ಲಿ ತಪ್ಪಿದ್ದು ಸುಮಾರು ಐದಡಿಯ ಪಟ್. ಪಟ್‌ಗೂ ಆ ಸುತ್ತಿಗೂ ಏನು ಸಂಬಂಧ? 2007, ಓಕ್‌ಮಾಂಟ್: 13, 14, 15ರಲ್ಲಿ ಸಾಲಾಗಿ ಬರ್ಡಿ ಹೊಡೆದು ಸಮಕ್ಕೆ ಬಂದರು. 17 ಡ್ರೈವರ್‌ನಿಂದಲೇ ಗ್ರೀನ್ ತಲುಪಬಹುದಾದ ಗಿಡ್ಡ ಪಾರ್ 4. ಪ್ರಯತ್ನಿಸಿದರು, ಚೆಂಡು ಗ್ರೀನ್ ಹತ್ತಿರದ ದಟ್ಟ ಹುಲ್ಲಿಗೆ ಬಿತ್ತು, ಬೋಗಿ. ಗೆದ್ದ ಕಬ್ರೇರಾಗಿಂತ ಒಂದು ಹೊಡೆತ ಹಿಂದೆ, ಟೈಗರ್ ವುಡ್ಸ್ ಜೊತೆ ಜಂಟಿ ಎರಡನೇ ಸ್ಥಾನ. ಅಂದು ಟೈಗರ್ ಗೆಲ್ಲದ್ದಕ್ಕೆ ಅವರ ಸ್ವಿಂಗ್ ಮೇಲೆ ತಪ್ಪು ಹೊರಿಸಿದವರು ಯಾರಿದ್ದಾರೆ?

2012ರಲ್ಲಿ ಒಲಿಂಪಿಕ್ ಕ್ಲಬ್ ಮೈದಾನದಲ್ಲಿ ಆದದ್ದನ್ನು ಮಾತ್ರ ಒಪ್ಪುತ್ತೇನೆ. 16ರಲ್ಲಿ ಟೀ (ಮೊದಲ ಹೊಡೆತ ಹೊಡೆಯುವ ಜಾಗ) ಸುಮಾರು 100 ಗಜ ಮುಂದಕ್ಕೆ ತಂದಿದ್ದರು, ಅಲ್ಲಿಂದ ಅವರು ಅಭ್ಯಾಸ ಮಾಡಿರಲಿಲ್ಲ. ಹೊಡೆದದ್ದು ಎಡಕ್ಕೆ ಬಾಗಿ ಮರಗಳ ಪಾಲಾಯಿತು. ಈ ಸ್ವಿಂಗ್‌ಗೆ ಒಂದು ದೌರ್ಬಲ್ಯ ಇರುವುದು ನಿಜ. ಅನುಮಾನದಲ್ಲಿ ಹೊಡೆದಾಗ ಸೊಂಟ ಅರ್ಧದಲ್ಲಿ ನಿಂತರೆ, ಕೈಗಳು ಮುಂದೋಡಿ ಮುಖ ಮುಚ್ಚಿಕೊಳ್ಳುತ್ತದೆ. ಆದರೆ ಕ್ಲಬ್ಬನ್ನು ಒಳಗಿನಿಂದ ತರುವ ಎಲ್ಲರಿಗೂ ಕಾದಿರುವ, ಎಡಕ್ಕೆ ಬಾಗುವ ಹುಕ್ ಇದೇ. ಹಳೆಯ ದಿಗ್ಗಜ ಬೆನ್ ಹೋಗನ್ ತಮ್ಮ ಆಟದ ಮೊದಲರ್ಧವನ್ನು ಹುಕ್ ಜೊತೆ ಗುದ್ದಾಡುತ್ತಲೇ ಕಳೆದರು. ಹೋಗನ್ ಸ್ವಿಂಗ್ ನೋಡಿ ಯಾರಾದರೂ ನಕ್ಕಿದ್ದುಂಟೇ?

2010ರ ಸೆಪ್ಟೆಂಬರ್‌ನಿಂದ ನಾಲ್ಕೂವರೆ ವರ್ಷ ಗೆಲುವಿಲ್ಲದೆ ಆಡಿದರು. ಮುನ್ನಡೆಯಲ್ಲಿದ್ದು ಸೋತ ಭಾನುವಾರಗಳು ಎಷ್ಟೋ. ಆಗಲೂ ಸ್ವಿಂಗ್ ಬದಲಿಸಲಿಲ್ಲ. 2015ರ ಏಪ್ರಿಲ್‌ನಲ್ಲಿ ಹಿಲ್ಟನ್ ಹೆಡ್‌ನಲ್ಲಿ ಕೊನೆಯ ದಿನ 63 ಹೊಡೆದು, ಕೆವಿನ್ ಕಿಸ್ನರ್ ಜೊತೆ ಪ್ಲೇಆಫ್ ಆಡಿ ಗೆದ್ದರು. ಅದು 17ನೇ ಗೆಲುವು. ಟೈಗರ್ ಉತ್ತುಂಗದಲ್ಲಿದ್ದ ಕಾಲದಲ್ಲಿ ವಿಶ್ವ ರ‍್ಯಾಂಕಿಂಗ್‌ನ 2ನೇ ಸ್ಥಾನಕ್ಕೆ ಏರಿದ್ದ ಆಟಗಾರ. ಡ್ರೈವ್ 280 ಗಜದ ಆಸುಪಾಸು, 300 ದಾಟಿಸುವವರ ನಡುವೆ ಆಡಿ ಇದನ್ನೆಲ್ಲ ಗಳಿಸಿದ್ದು.

ಟಿವಿ ಕಾಮೆಂಟೇಟರ್ ಒಬ್ಬರು ವರ್ಷಗಳ ಹಿಂದೆ ಈ ಸ್ವಿಂಗನ್ನು ಮರದಿಂದ ಬೀಳುವ ಆಕ್ಟೋಪಸ್‌ಗೆ ಹೋಲಿಸಿದ್ದರು. ಆ ಹೋಲಿಕೆ 58ಕ್ಕಿಂತ ಹೆಚ್ಚು ಜನರಿಗೆ ನೆನಪಿದೆ. ನನಗೆ ಹೊಟ್ಟೆ ಉರಿಯುವುದು ಅದಕ್ಕೇ. ಅದರಲ್ಲೂ ನಾವು ಕನ್ನಡಿಗರು ನಗಬಾರದು. ಪೋಲಿಯೊದಿಂದ ಸೊರಗಿದ ಕೈಯಲ್ಲೇ ಬಿ.ಎಸ್. ಚಂದ್ರಶೇಖರ್ 1971ರಲ್ಲಿ ಓವಲ್‌ನಲ್ಲಿ 38 ರನ್‌ಗೆ 6 ವಿಕೆಟ್ ಕಿತ್ತರು, ಒಟ್ಟು 242 ಟೆಸ್ಟ್ ವಿಕೆಟ್ ಪಡೆದರು. ಚೆಂಡು ಎಲ್ಲಿ ಬಿತ್ತು, ಬಿದ್ದ ಮೇಲೆ ಏನು ಮಾಡಿತು ಅಂತ ನೋಡಲು ಕಲಿತ ಊರು ನಮ್ಮದು.

2021ರಲ್ಲಿ, 51ರ ವಯಸ್ಸಿನಲ್ಲಿ, ಒಮಾಹಾದಲ್ಲಿ ಯುಎಸ್ ಸೀನಿಯರ್ ಓಪನ್ ಕೂಡ ಗೆದ್ದರು. ಅದೇ ನಿಲುವು, ಅದೇ ಸುತ್ತು. ಆ ರೀಲ್ ಹಂಚುತ್ತಿರುವವರಲ್ಲಿ ನನ್ನ ಗೆಳೆಯರೂ ಇದ್ದೀರಿ. ಯಾರ ಹತ್ತಿರವಾದರೂ ಕತ್ತರಿಸದ ಪೂರ್ತಿ ವಿಡಿಯೊ ಇದ್ದರೆ ಕಾಮೆಂಟ್‌ನಲ್ಲಿ ಹಾಕಿ, ಚೆಂಡು ನೆಲ ಮುಟ್ಟಿ ನಿಲ್ಲುವವರೆಗಿನದ್ದು.